ಎರಡು ಸಲ ಕಳ್ಳರು ನುಗ್ಗಿದ ಮನೆ

1951ರ ಕೊನೆಯ ದಿನಗಳು. ಸ್ಕಾಟ್ಲೆಂಡಿನ ಹ್ಯಾಮಿಲ್ಟನ್ ಊರಿನಲ್ಲಿ ಬೀಗ ಹಾಕಿದ್ದ ಮನೆಯೊಂದಕ್ಕೆ ಕಳ್ಳರು ನುಗ್ಗಿದರು. ಸ್ವಲ್ಪ ದಿನ ಬಿಟ್ಟು ಮತ್ತೆ ನುಗ್ಗಿದರು. ಮನೆಯ ಯಜಮಾನ ಆಗ ದೂರದ ವೇಲ್ಸ್‌ನಲ್ಲಿದ್ದ. ಅಲ್ಲಿನ ಲನೆಲ್ಲಿ ಅನ್ನುವ ಚಿಕ್ಕ ಕ್ಲಬ್ಬಿಗೆ ಫುಟ್‌ಬಾಲ್ ಆಡುತ್ತಿದ್ದ, ವಾರಕ್ಕೆ 12 ಪೌಂಡ್ ಸಂಬಳಕ್ಕೆ. ವಯಸ್ಸು 29. ಹೆಂಡತಿ ಜೀನ್‌ಗೆ ಸಾಕು ಸಾಕಾಗಿತ್ತು. ಊರಿಗೆ ವಾಪಸ್ ಹೋಗೋಣ ಅಂದಳು. ಅವನೂ ಮನಸ್ಸು ಮಾಡಿದ. ಊರಿಗೆ ಹೋದರೆ ಗಣಿ ಕೆಲಸ ಅಂತೂ ಇದ್ದೇ ಇತ್ತು. ಕ್ಲಬ್ಬಿನ ಮ್ಯಾನೇಜರಿಗೆ ಹೇಳಿ ಬರೋಣ ಅಂತ ಹೋದರೆ, ಅವರ ಹತ್ತಿರವೇ ಒಂದು ಸುದ್ದಿ ಇತ್ತು. ಗ್ಲಾಸ್ಗೋದ ಸೆಲ್ಟಿಕ್ ಕ್ಲಬ್ಬಿನಿಂದ ಅವನಿಗೆ ಕರೆ ಬಂದಿತ್ತು.

ಆ ಮನುಷ್ಯ ಜಾಕ್ ಸ್ಟೀನ್. ಹದಿನಾರು ವರ್ಷದ ನಂತರ ಅದೇ ಸೆಲ್ಟಿಕ್‌ಗೆ, ಯುರೋಪಿನ ಚಾಂಪಿಯನ್ ಕ್ಲಬ್ಬುಗಳ ನಡುವೆ ನಡೆಯುತ್ತಿದ್ದ ಯುರೋಪಿಯನ್ ಕಪ್ ಗೆದ್ದುಕೊಟ್ಟವನು. ಬ್ರಿಟನ್ನಿನ ಯಾವ ಕ್ಲಬ್ಬೂ ಅಲ್ಲಿಯವರೆಗೆ ಆ ಕಪ್ಪನ್ನು ಮುಟ್ಟಿರಲಿಲ್ಲ. ಮ್ಯಾಂಚೆಸ್ಟರ್ ಯುನೈಟೆಡ್ ಕೂಡ ಗೆದ್ದಿದ್ದು ಒಂದು ವರ್ಷ ಆದಮೇಲೆ.

ಮುಂದೆ ಮ್ಯಾಂಚೆಸ್ಟರ್ ಯುನೈಟೆಡ್‌ನ ಮ್ಯಾನೇಜರ್ ಆಗಿದ್ದ ಅಲೆಕ್ಸ್ ಫರ್ಗುಸನ್ ಹೆಸರು ನಮ್ಮಲ್ಲಿ ಫುಟ್‌ಬಾಲ್ ನೋಡುವ ಎಲ್ಲರಿಗೂ ಗೊತ್ತು. ಸ್ಟೀನ್ ಅಂದರೆ ಮಾತ್ರ ಯಾರು ಅಂತಾರೆ. ನನಗೂ ಗೊತ್ತಿರಲಿಲ್ಲ. ಫರ್ಗುಸನ್ ಬಗ್ಗೆ ಓದುತ್ತಾ ಓದುತ್ತಾ ಈ ಹೆಸರು ಪದೇ ಪದೇ ಎದುರಾಯಿತು. ಹಿಂದೆ ಬಿದ್ದೆ. ಕಪ್ಪುಬಿಳುಪಿನ ಹಳೇ ಪಂದ್ಯಗಳನ್ನು ರಾತ್ರಿ ಕೂತು ನೋಡಿದೆ. ಆಮೇಲೆ ಬಿಡಲಿಕ್ಕೆ ಆಗಲಿಲ್ಲ.

ಹುಟ್ಟಿದ್ದು 1922ರ ಅಕ್ಟೋಬರ್ 5, ಬರ್ನ್‌ಬ್ಯಾಂಕ್‌ನಲ್ಲಿ. ಹ್ಯಾಮಿಲ್ಟನ್ ಪಕ್ಕದ ಕಲ್ಲಿದ್ದಲು ಸೀಮೆ ಅದು. ನಿಜವಾದ ಹೆಸರು ಜಾನ್. ಸ್ಕಾಟ್ಲೆಂಡಿನಲ್ಲಿ ಜಾನ್ ಅನ್ನುವವರನ್ನು ಪ್ರೀತಿಯಿಂದ ಜಾಕ್ ಅಂತಾರೆ. ಶಾಲೆ ಬಿಟ್ಟ ಹುಡುಗ ಸ್ವಲ್ಪ ದಿನ ಕಾರ್ಪೆಟ್ ಕಾರ್ಖಾನೆಯಲ್ಲಿದ್ದು, ಆಮೇಲೆ ಅಪ್ಪನ ಹಾಗೇ ಗಣಿಗೆ ಇಳಿದ. ಇಪ್ಪತ್ತೇಳು ವರ್ಷದವರೆಗೂ ಅದೇ ಕೆಲಸ. ವಾರವಿಡೀ ನೆಲದ ಕೆಳಗೆ, ಶನಿವಾರ ಮೈದಾನದಲ್ಲಿ. ಕೋಟ್‌ಬ್ರಿಜ್‌ನ ಆಲ್ಬಿಯನ್ ರೋವರ್ಸ್ ಅನ್ನುವ ಸಾಧಾರಣ ತಂಡಕ್ಕೆ 1942ರಿಂದ ಎಂಟು ವರ್ಷ ಸೆಂಟರ್ ಹಾಫ್ ಆಗಿ, ಅಂದರೆ ಗೋಲಿನ ಮುಂದೆ ನಿಂತು ತಡೆಯುವವನಾಗಿ, ಆಡಿದ. 1948ರಲ್ಲಿ ಆ ತಂಡ ಮೇಲಿನ ಡಿವಿಷನ್ನಿಗೆ ಹೋಯಿತು. ಒಂದೇ ವರ್ಷಕ್ಕೆ ಕೆಳಗೆ ಬಂತು.

ಗಣಿಯ ಬಗ್ಗೆ ಸ್ಟೀನ್ ಕೊನೆಯವರೆಗೂ ಹೇಳುತ್ತಿದ್ದ ಮಾತೊಂದಿದೆ. ಅಲ್ಲಿ ಕೆಳಗೆ ಕಣ್ಣಿಗೆ ಏನೂ ಕಾಣುವುದಿಲ್ಲ. ಪಕ್ಕದಲ್ಲಿ ಇರುವವನು ಯಾರು ಅಂತಲೂ ಗೊತ್ತಾಗುವುದಿಲ್ಲ. ಆದರೂ ನಿನ್ನ ಬದುಕಿನಲ್ಲಿ ಅವನಿಗಿಂತ ದೊಡ್ಡ ಗೆಳೆಯ ಇನ್ನೊಬ್ಬ ಇರಲ್ಲ. ಅವನು ಹೇಳಿದ್ದರ ಸಾರ ಇದು. ಮಾತು ಚೆನ್ನಾಗಿದೆ ಅಂತ ಸುಮ್ನೆ ಬಿಟ್ಟುಬಿಡಬಹುದಿತ್ತು. ನಾನು ಬಿಡಲಿಲ್ಲ. ಇವನ ಕಥೆ ಓದುವಾಗೆಲ್ಲ, ಈಗ ಇವನ ಪಕ್ಕದಲ್ಲಿ ಯಾರಿದ್ದಾರೆ ಅಂತ ಹುಡುಕೋದು ನನಗೆ ಅಭ್ಯಾಸವಾಗಿಬಿಟ್ಟಿದೆ.

ಸೆಲ್ಟಿಕ್‌ಗೆ ಅವನ ಹೆಸರು ಹೇಳಿದ್ದು ಜಿಮ್ಮಿ ಗ್ರಿಬ್ಬೆನ್ ಅನ್ನುವ ಸಹಾಯಕ ಟ್ರೈನರ್. ಆಲ್ಬಿಯನ್ ರೋವರ್ಸ್‌ನಲ್ಲಿ ಆಡುತ್ತಿದ್ದ ಆ ಸೆಂಟರ್ ಹಾಫ್ ಅವನಿಗೆ ನೆನಪಿದ್ದ. ಕ್ಲಬ್ 1,200 ಪೌಂಡ್ ಕೊಟ್ಟು ಕರೆಸಿಕೊಂಡಿತು. ಅದೂ ಮೊದಲ ತಂಡಕ್ಕೆ ಅಲ್ಲ. ಎರಡನೇ ತಂಡದಲ್ಲಿ ಹುಡುಗರ ಜೊತೆ ಆಡಿಕೊಂಡು, ಅವರಿಗೆ ನಾಲ್ಕು ವಿಷಯ ಹೇಳಿಕೊಡಲಿ ಅಂತ. ಅಷ್ಟರಲ್ಲಿ ಮೊದಲ ತಂಡದ ಸೆಂಟರ್ ಹಾಫ್‌ಗಳು ಒಬ್ಬರ ಹಿಂದೆ ಒಬ್ಬರು ಗಾಯ ಮಾಡಿಕೊಂಡರು. ಬೇರೆ ಗತಿ ಇಲ್ಲದೆ ಇವನನ್ನು ಇಳಿಸಿದರು. ಇಳಿದವನು ಮತ್ತೆ ಜಾಗ ಬಿಡಲಿಲ್ಲ. ಮುಂದಿನ ವರ್ಷ ನಾಯಕ ಶಾನ್ ಫ್ಯಾಲನ್ ತನ್ನ ಉಪನಾಯಕನಾಗಿ ಇವನನ್ನು ಆರಿಸಿಕೊಂಡ. ಆಮೇಲೆ ಫ್ಯಾಲನ್ ಕೈ ಮುರಿದುಕೊಂಡ, ನಾಯಕನ ಪಟ್ಟ ಇವನಿಗೆ ಬಂತು. ಈ ಫ್ಯಾಲನ್‌ನನ್ನು ನೆನಪಿಟ್ಟುಕೊಳ್ಳಿ. ಮುಂದೆ ಸ್ಟೀನ್ ಮ್ಯಾನೇಜರ್ ಆದಾಗ ಪಕ್ಕದಲ್ಲಿ ಸಹಾಯಕನಾಗಿ ನಿಂತವನು ಇವನೇ.

ಇಲ್ಲಿ ಒಂದು ತೊಡಕು ಇದೆ. ಸೆಲ್ಟಿಕ್ ಐರಿಷ್ ಕ್ಯಾಥೊಲಿಕ್ ವಲಸಿಗರು ಕಟ್ಟಿದ ಕ್ಲಬ್. ಅದೇ ಊರಿನ ರೇಂಜರ್ಸ್ ಪ್ರಾಟೆಸ್ಟಂಟರ ಕ್ಲಬ್. ಸ್ಟೀನ್ ಪ್ರಾಟೆಸ್ಟಂಟ್. ಅವನ ಮನೆಯವರು, ಓಣಿಯವರು ಎಲ್ಲ ರೇಂಜರ್ಸ್ ಕಡೆ. ಇವನು ಹಸಿರು ಪಟ್ಟೆಯ ಅಂಗಿ ಹಾಕಿದ ಮೇಲೆ ಹಳೇ ಗೆಳೆಯರಲ್ಲಿ ಕೆಲವರು ಮಾತು ಬಿಟ್ಟರು. ತುಂಬಾ ವರ್ಷದ ನಂತರ ಇವನನ್ನು ಯಾರೋ ಕೇಳಿದರಂತೆ, ಒಬ್ಬ ಕ್ಯಾಥೊಲಿಕ್, ಒಬ್ಬ ಪ್ರಾಟೆಸ್ಟಂಟ್, ಇಬ್ಬರೂ ಒಂದೇ ಮಟ್ಟದ ಆಟಗಾರರು, ಯಾರನ್ನು ತಗೋತೀರಿ ಅಂತ. ಪ್ರಾಟೆಸ್ಟಂಟನ್ನೇ ಅಂದ. ಯಾಕೆ? ಆ ಕ್ಯಾಥೊಲಿಕ್ ಹುಡುಗನನ್ನು ರೇಂಜರ್ಸ್ ಹೇಗಿದ್ದರೂ ಮುಟ್ಟಲ್ಲ, ಅವನು ಎಲ್ಲಿಗೂ ಹೋಗಲ್ಲ. ಲೆಕ್ಕ ಅಂದರೆ ಇದು.

ಆಟಗಾರನಾಗಿ ಸ್ಟೀನ್ ಅಷ್ಟೇನೂ ದೊಡ್ಡವನಲ್ಲ. ಎಡಗಾಲಿನವನು, ತಲೆ ಕೊಟ್ಟು ಚೆಂಡು ತೆಗೆಯುವುದರಲ್ಲಿ ಗಟ್ಟಿ, ವೇಗ ಕಮ್ಮಿ. ಸ್ಕಾಟ್ಲೆಂಡ್ ರಾಷ್ಟ್ರೀಯ ತಂಡದ ಅಂಗಿ ಒಂದು ಸಲವೂ ಸಿಗಲಿಲ್ಲ. ಆದರೆ ನಾಯಕನಾಗಿ ಅವನಿಗೆ ಸಿಕ್ಕಿದ್ದು ಕಮ್ಮಿ ಏನಲ್ಲ. 1953ರಲ್ಲಿ ರಾಣಿ ಎಲಿಜಬೆತ್ ಪಟ್ಟಾಭಿಷೇಕಕ್ಕೆ ಇಂಗ್ಲೆಂಡ್ ಮತ್ತು ಸ್ಕಾಟ್ಲೆಂಡಿನ ಎಂಟು ಕ್ಲಬ್ಬುಗಳ ನಡುವೆ ಕಾರೊನೇಷನ್ ಕಪ್ ನಡೆಯಿತು. ಸೆಲ್ಟಿಕ್ ಆರ್ಸೆನಲ್‌ನ ಸೋಲಿಸಿ, ಮ್ಯಾಂಚೆಸ್ಟರ್ ಯುನೈಟೆಡನ್ನು ಸೋಲಿಸಿ, ಫೈನಲಿನಲ್ಲಿ ಹಿಬರ್ನಿಯನ್‌ನ 2-0 ಯಿಂದ ಹೊಡೆಯಿತು. ಮರುವರ್ಷ ಲೀಗ್ ಮತ್ತು ಸ್ಕಾಟಿಷ್ ಕಪ್ ಎರಡೂ ಬಂದವು. ಆ ಜೋಡಿ ಸೆಲ್ಟಿಕ್‌ಗೆ 1914ರ ನಂತರ ಸಿಕ್ಕಿರಲಿಲ್ಲ.

ಖುಷಿಗೆ ಕ್ಲಬ್ಬಿನವರು ಆಟಗಾರರನ್ನೆಲ್ಲ ಸ್ವಿಟ್ಜರ್ಲೆಂಡಿಗೆ ಕರೆದುಕೊಂಡು ಹೋದರು, 1954ರ ವಿಶ್ವಕಪ್ ನೋಡಲು. ಅಲ್ಲಿ ಕಂಡಿದ್ದೇನು? ಸ್ಕಾಟ್ಲೆಂಡ್ 22 ಜನರನ್ನು ಒಯ್ಯಬಹುದಾಗಿದ್ದರೂ 13 ಜನರನ್ನು ಮಾತ್ರ ಒಯ್ದಿತ್ತು. ಟೂರ್ನಿಯ ನಡುವೆಯೇ ಮ್ಯಾನೇಜರ್ ರಾಜೀನಾಮೆ ಕೊಟ್ಟ. ಉರುಗ್ವೆ ಕೈಲಿ 7-0 ಸೋಲು. ಮದುವೆ ಮನೆಗೆ ಅಡುಗೆಯವರಿಲ್ಲದೆ ಹೋದ ಹಾಗೆ. ಗ್ಯಾಲರಿಯಲ್ಲಿ ಕೂತು ಇದನ್ನೆಲ್ಲ ನೋಡಿದ ಸೆಲ್ಟಿಕ್ ನಾಯಕನಿಗೆ, ತಯಾರಿ ಇಲ್ಲದೆ ಮೈದಾನಕ್ಕಿಳಿದರೆ ಏನಾಗುತ್ತೆ ಅನ್ನುವುದು ಕಣ್ಣಿಗೆ ಕಟ್ಟಿರಬೇಕು.

1955ರಲ್ಲಿ ರೇಂಜರ್ಸ್ ವಿರುದ್ಧದ ಪಂದ್ಯದಲ್ಲಿ ಪಾದದ ಗಂಟು ಹೋಯಿತು. ಆಪರೇಷನ್ ಆದರೂ ಸರಿಹೋಗಲಿಲ್ಲ. 1957ರ ಜನವರಿಯಲ್ಲಿ ಆಟ ನಿಲ್ಲಿಸಿದ. ಕುಂಟು ಮಾತ್ರ ಜೀವನಪೂರ್ತಿ ಉಳಿಯಿತು. ಹಳೇ ವಿಡಿಯೋಗಳಲ್ಲಿ ಗಮನಿಸಿ, ಅಷ್ಟು ದೊಡ್ಡ ಆಳು ಒಂದು ಕಡೆ ಸ್ವಲ್ಪ ವಾಲಿಕೊಂಡೇ ನಡೀತಾನೆ.

ಕ್ಲಬ್ಬಿನವರು ಹುಡುಗರ ತಂಡ ನೋಡಿಕೋ ಅಂದರು. ಮತ್ತೆ ಎರಡನೇ ತಂಡ! ಯಾವ ಕೆಲಸಕ್ಕೆ ಅಂತ ಮೊದಲು ತಂದಿದ್ದರೋ ಅದೇ ಕೆಲಸ. ಆದರೆ ಅಲ್ಲಿದ್ದವರು ಯಾರು? ಬಿಲ್ಲಿ ಮೆಕ್‌ನೀಲ್, ಜಾನ್ ಕ್ಲಾರ್ಕ್, ಪ್ಯಾಟ್ ಕ್ರೆರಾಂಡ್. ಆ ಕಾಲದ ಬ್ರಿಟನ್ನಿನಲ್ಲಿ ಅಭ್ಯಾಸ ಅಂದರೆ ಮೈದಾನದ ಸುತ್ತ ಓಡೋದು. ವಾರವಿಡೀ ಚೆಂಡು ಕೊಡದಿದ್ದರೆ ಶನಿವಾರ ಅದಕ್ಕಾಗಿ ಹಸಿದಿರುತ್ತಾರೆ ಅನ್ನುವ ನಂಬಿಕೆ ಎಷ್ಟೋ ಕ್ಲಬ್ಬುಗಳಲ್ಲಿತ್ತು. ಸ್ಟೀನ್ ಚೆಂಡು ಕೊಟ್ಟು ಅಭ್ಯಾಸ ಮಾಡಿಸಿದ. ಹುಡುಗರು ಇವನನ್ನು ಹಚ್ಚಿಕೊಂಡರು.

ಇನ್ನು ಮೇಲಕ್ಕೆ ಹೋಗುವ ದಾರಿ ಅಲ್ಲಿರಲಿಲ್ಲ. ಸೆಲ್ಟಿಕ್‌ಗೆ ಅದುವರೆಗೆ ಇದ್ದ ಮ್ಯಾನೇಜರುಗಳು ಮೂರೇ ಜನ, ಮೂವರೂ ಕ್ಯಾಥೊಲಿಕರು. 1960ರ ಮಾರ್ಚಿನಲ್ಲಿ ಸ್ಟೀನ್ ಡನ್‌ಫರ್ಮ್‌ಲಿನ್‌ಗೆ ಹೋದ. ಕೆಳಗಿನ ಡಿವಿಷನ್ನಿಗೆ ಜಾರುವ ಅಂಚಿನಲ್ಲಿದ್ದ ತಂಡ. ಮೊದಲ ಪಂದ್ಯವೇ ಸೆಲ್ಟಿಕ್ ವಿರುದ್ಧ. 3-2 ಗೆದ್ದರು. ಸತತ ಆರು ಪಂದ್ಯ ಗೆದ್ದು ಉಳಿದುಕೊಂಡರು. ಮರುವರ್ಷ ಸ್ಕಾಟಿಷ್ ಕಪ್ ಫೈನಲಿನಲ್ಲಿ ಎದುರಿಗೆ ಮತ್ತೆ ಸೆಲ್ಟಿಕ್. ಮೊದಲ ದಿನ 0-0. ಮರುಪಂದ್ಯದಲ್ಲಿ 2-0 ಯಿಂದ ಗೆದ್ದು ಕಪ್ ಒಯ್ದರು. ಎದುರು ತಂಡದಲ್ಲಿ ಇದ್ದ ಮೆಕ್‌ನೀಲ್ ಇವನು ಬೆಳೆಸಿದ ಹುಡುಗ.

ಡನ್‌ಫರ್ಮ್‌ಲಿನ್ ಕಾಲದ ಒಂದು ಪಂದ್ಯ ನನಗೆ ಇಷ್ಟ. ಯುರೋಪಿನ ಫೇರ್ಸ್ ಕಪ್, ವೆಲೆನ್ಸಿಯಾ ವಿರುದ್ಧ. ಸ್ಪೇನಿನಲ್ಲಿ 4-0 ಸೋತು ಬಂದರು. ಮುಗೀತು ಅಂತ ಎಲ್ಲರೂ ಅಂದುಕೊಂಡಿದ್ದಾಗ ತಮ್ಮ ಊರಲ್ಲಿ 6-2 ಗೆದ್ದರು! ಒಟ್ಟು ಲೆಕ್ಕ ಸಮ. ಇವತ್ತಿನ ಹಾಗೆ ಪೆನಾಲ್ಟಿ ಇಲ್ಲ, ಇನ್ನೊಂದು ಪಂದ್ಯ ಆಡಬೇಕು, ಯಾರಿಗೂ ಸೇರದ ಊರಲ್ಲಿ. ಅದು ಲಿಸ್ಬನ್. 1-0 ಸೋತರು. ಲಿಸ್ಬನ್‌ಗೆ ಸ್ಟೀನ್ ತಂಡ ಮೊದಲು ಹೋಗಿದ್ದು ಹಾಗೆ.

1963ರಲ್ಲಿ ಇನ್ನೊಂದು ಪ್ರಯಾಣ. ಒಂದು ಪತ್ರಿಕೆಯವರು ಸ್ಟೀನ್‌ನನ್ನೂ ಕಿಲ್ಮಾರ್ನಾಕ್ ಮ್ಯಾನೇಜರ್ ವಿಲ್ಲಿ ವಾಡೆಲ್‌ನನ್ನೂ ಇಟಲಿಗೆ ಕಳಿಸಿದರು, ಇಂಟರ್ ಮಿಲಾನ್‌ನ ಹೆಲೆನಿಯೊ ಹೆರೆರಾ ಹೇಗೆ ಕೆಲಸ ಮಾಡುತ್ತಾನೆ ಅಂತ ನೋಡಿಬರಲು. ಹೆರೆರಾ ಆಗ ಯುರೋಪಿನ ದೊಡ್ಡ ಗುರು. ಬಾಗಿಲು ಹಾಕಿ ಬೀಗ ಜಡಿಯುವ ಆಟ ಅವನದು. ಒಂದು ಗೋಲು ಹೊಡಿ, ಆಮೇಲೆ ಕೋಟೆ ಕಟ್ಟು. ಸ್ಟೀನ್ ನೋಡಿದ, ಮನಸ್ಸಿನಲ್ಲಿ ಇಟ್ಟುಕೊಂಡ, ಬಂದ. ಆ ಬೀಗಕ್ಕೆ ಕೀಲಿ ಮಾಡುವ ದಿನ ಬರುತ್ತೆ ಅಂತ ಅವತ್ತು ಇಬ್ಬರಿಗೂ ಗೊತ್ತಿರಲಿಲ್ಲ.

ನಡುವೆ ಒಂದು ವರ್ಷ ಹಿಬರ್ನಿಯನ್‌ನಲ್ಲಿದ್ದ. ಅಲ್ಲಿ ಒಂದು ಸ್ನೇಹಪಂದ್ಯದಲ್ಲಿ ರಿಯಲ್ ಮ್ಯಾಡ್ರಿಡನ್ನು 2-0 ಸೋಲಿಸಿದ್ದು ಬಿಟ್ಟರೆ ಹೇಳುವಂಥದ್ದು ಒಂದೇ. ರಾನಿ ಸಿಂಪ್ಸನ್ ಅನ್ನುವ ಗೋಲ್‌ಕೀಪರ್‌ಗೆ ವಯಸ್ಸಾಯಿತು ಅಂತ ಸೆಲ್ಟಿಕ್‌ಗೆ ಮಾರಿದ. ಕೆಲವೇ ತಿಂಗಳಿಗೆ, 1965ರ ಮಾರ್ಚಿನಲ್ಲಿ, ಸ್ಟೀನ್ ತಾನೇ ಸೆಲ್ಟಿಕ್‌ಗೆ ಮ್ಯಾನೇಜರ್ ಆಗಿ ಬಂದ. ಸಿಂಪ್ಸನ್ ಸ್ಥಿತಿ ಯೋಚಿಸಿ. ಹಳೇ ಆಫೀಸಿನಲ್ಲಿ ನಿಮ್ಮನ್ನು ಸಾಗಹಾಕಿದ ಬಾಸ್ ಹೊಸ ಆಫೀಸಿಗೂ ಬಂದು ಕೂತರೆ ಹೇಗಿರುತ್ತೆ, ಅಲ್ವಾ?

ಸೆಲ್ಟಿಕ್ ಆಗ ಏಳೆಂಟು ವರ್ಷದಿಂದ ಒಂದು ದೊಡ್ಡ ಕಪ್ಪನ್ನೂ ಕಂಡಿರಲಿಲ್ಲ. ಯಾರು ಆಡಬೇಕು ಅಂತ ತೀರ್ಮಾನ ಮಾಡುತ್ತಿದ್ದವರು ಅಧ್ಯಕ್ಷ ರಾಬರ್ಟ್ ಕೆಲ್ಲಿ. ಸ್ಟೀನ್ ಹಾಕಿದ ಷರತ್ತು ಒಂದೇ: ತಂಡ ನನ್ನದು, ಬೇರೆ ಯಾರೂ ಕೈ ಹಾಕಬಾರದು. ಅಧ್ಯಕ್ಷರು ಒಪ್ಪಿದರು. ಆರೇಳು ವಾರದಲ್ಲಿ ಸ್ಕಾಟಿಷ್ ಕಪ್ ಫೈನಲ್, ಎದುರಿಗೆ ಡನ್‌ಫರ್ಮ್‌ಲಿನ್. 2-2 ಇದ್ದಾಗ, ಮುಗಿಯಲು ಒಂಬತ್ತು ನಿಮಿಷ ಇರುವಾಗ, ಕಾರ್ನರ್ ಬಂತು. ಮೆಕ್‌ನೀಲ್ ಎಗರಿ ತಲೆ ಕೊಟ್ಟ. 3-2.

ಆಮೇಲೆ ಅವನು ಮಾಡಿದ್ದು ಹೊಸಬರನ್ನು ರಾಶಿ ಹಾಕಿಕೊಳ್ಳೋದಲ್ಲ. ಇದ್ದವರನ್ನೇ ಅವರವರ ಜಾಗಕ್ಕೆ ಸರಿಸಿದ. ಮುಂದೆ ಆಡುತ್ತಿದ್ದ ಬಾಬಿ ಮರ್ಡಾಕ್‌ನನ್ನು ಹಿಂದಕ್ಕೆ ತಂದು ನಡುವಿನ ಯಜಮಾನ ಮಾಡಿದ. ಅಂಚಿನಲ್ಲಿ ಓಡುತ್ತಿದ್ದ ಬರ್ಟಿ ಆಲ್ಡ್‌ನನ್ನು ಒಳಗೆ ಕರೆದು ಮರ್ಡಾಕ್ ಪಕ್ಕ ನಿಲ್ಲಿಸಿದ. ಮೆಕ್‌ನೀಲ್ ಪಕ್ಕ ಕ್ಲಾರ್ಕ್. ಎಡ ಬ್ಯಾಕ್, ಅಂದರೆ ಹಿಂದೆ ನಿಂತು ಎಡಗಡೆ ತಡೆಯುವ ಟಾಮಿ ಗೆಮಲ್‌ಗೆ, ದಾರಿ ಸಿಕ್ಕಾಗೆಲ್ಲ ಮುಂದೆ ಹೋಗು ಅಂದ. ಮಾರಿ ಕೈತೊಳೆದುಕೊಂಡಿದ್ದ ಸಿಂಪ್ಸನ್‌ನನ್ನೇ ಗೋಲಿನಲ್ಲಿ ನಿಲ್ಲಿಸಿದ! ಒಂದು ಕಾಲದಲ್ಲಿ ತಪ್ಪಾಗಿ ಅಳೆದೆ ಅಂತ ಒಪ್ಪಿಕೊಳ್ಳುವ ಮ್ಯಾನೇಜರುಗಳು ಎಷ್ಟು ಜನ ಸಿಗ್ತಾರೆ? 1967ರ ಏಪ್ರಿಲಿನಲ್ಲಿ ಸಿಂಪ್ಸನ್ 36ನೇ ವಯಸ್ಸಿನಲ್ಲಿ ಮೊದಲ ಸಲ ಸ್ಕಾಟ್ಲೆಂಡ್ ಪರ ಆಡಿದ. ವೆಂಬ್ಲಿಯಲ್ಲಿ, ವಿಶ್ವ ಚಾಂಪಿಯನ್ ಇಂಗ್ಲೆಂಡ್ ವಿರುದ್ಧ. 3-2 ಗೆದ್ದರು.

ಆ ವರ್ಷ ಸೆಲ್ಟಿಕ್ ಕಾಲಿಟ್ಟಿದ್ದನ್ನೆಲ್ಲ ಗೆದ್ದಿತು. ಲೀಗ್, ಸ್ಕಾಟಿಷ್ ಕಪ್, ಲೀಗ್ ಕಪ್, ಗ್ಲಾಸ್ಗೋ ಕಪ್. ಉಳಿದದ್ದು ಯುರೋಪಿಯನ್ ಕಪ್ ಫೈನಲ್. ಮೇ 25, ಲಿಸ್ಬನ್. ಎದುರಿಗೆ ಹೆರೆರಾನ ಇಂಟರ್ ಮಿಲಾನ್.

ಈ ಫೈನಲನ್ನು ನಾನು ಪೂರ್ತಿ ನೋಡಿದ್ದೇನೆ, ಒಂದಕ್ಕಿಂತ ಜಾಸ್ತಿ ಸಲ. ಸ್ಟೇಡಿಯಂ ವಿಚಿತ್ರವಾಗಿದೆ. ಒಂದು ಕಡೆ ಗ್ಯಾಲರಿಯೇ ಪೂರ್ತಿ ಇಲ್ಲ, ಹಿಂದೆ ಮರಗಳು. ಬಿಸಿಲು ಸುಡ್ತಿದೆ ಅಂತ ಕಪ್ಪುಬಿಳುಪಿನಲ್ಲೂ ಗೊತ್ತಾಗುತ್ತೆ. ಸೆಲ್ಟಿಕ್ ಅಂಗಿಯ ಬೆನ್ನ ಮೇಲೆ ನಂಬರ್ ಇಲ್ಲ, ಅಡ್ಡಪಟ್ಟೆ ಕೆಡಬಾರದು ಅಂತ ಚಡ್ಡಿಯ ಮೇಲೆ ಹಾಕಿದ್ದಾರೆ. ಹನ್ನೊಂದು ಜನರಲ್ಲಿ ಎಲ್ಲರೂ ಸೆಲ್ಟಿಕ್ ಮೈದಾನದಿಂದ ಮೂವತ್ತು ಮೈಲಿ ಒಳಗೆ ಹುಟ್ಟಿದವರು. ಬೆಂಗಳೂರಿನಿಂದ ರಾಮನಗರದಷ್ಟು ದೂರ ಅಂದುಕೊಳ್ಳಿ. ಮೈದಾನಕ್ಕೆ ಬರುವ ಮೊದಲು ಸುರಂಗದಲ್ಲಿ ಎರಡೂ ತಂಡ ಸಾಲಾಗಿ ನಿಂತಿವೆ. ಇಟಲಿಯವರು ಎತ್ತರ, ಚೆಲುವ, ಎಣ್ಣೆ ಹಚ್ಚಿದ ಕ್ರಾಪು. ಈ ಕಡೆಯವರಲ್ಲಿ ಹಲ್ಲು ಹೋದವರೇ ಸುಮಾರು ಜನ. ಗೆದ್ದರೆ ಫೋಟೋಗೆ ಬೇಕಾಗುತ್ತೆ ಅಂತ ಕಟ್ಟಿಸಿದ ಹಲ್ಲಿನ ಸೆಟ್ಟುಗಳನ್ನು ಸಿಂಪ್ಸನ್ ಟೋಪಿಯಲ್ಲಿ ಹಾಕಿ ಗೋಲಿನ ಬಲೆ ಹತ್ತಿರ ಇಟ್ಟಿದ್ದರು. ಸಾಲಿನಲ್ಲಿ ನಿಂತಿದ್ದವರು ಇದ್ದಕ್ಕಿದ್ದ ಹಾಗೆ ತಮ್ಮ ಕ್ಲಬ್ಬಿನ ಹಾಡು ಶುರು ಮಾಡಿದರು. ಇಟಲಿಯವರು ಪೆಚ್ಚಾಗಿ ನೋಡಿದರು.

ಏಳನೇ ನಿಮಿಷಕ್ಕೆ ಪೆನಾಲ್ಟಿ. ಮಜ್ಜೋಲಾ ಹೊಡೆದ. ಇಂಟರ್ 1-0. ಇನ್ನು ಹೆರೆರಾ ಬೀಗ ಜಡಿಯುತ್ತಾನೆ. ಜಡಿದ. ಆಮೇಲಿನದು ಪಂದ್ಯ ಅಲ್ಲ, ಮುತ್ತಿಗೆ. ಸೆಲ್ಟಿಕ್‌ನವರು ಮತ್ತೆ ಮತ್ತೆ ನುಗ್ಗುತ್ತಾರೆ. ಚೆಂಡು ಎರಡು ಸಲ ಅಡ್ಡಕಂಬಕ್ಕೆ ಬಡಿಯುತ್ತೆ. ಇಂಟರ್ ಗೋಲ್‌ಕೀಪರ್ ಸಾರ್ತಿ ಅವತ್ತು ಹಾರಿದ ಹಾಗೆ ಯಾರೂ ಹಾರಿರಲಿಕ್ಕಿಲ್ಲ. 63ನೇ ನಿಮಿಷ. ಬಲ ಬ್ಯಾಕ್ ಕ್ರೇಗ್ ಮುಂದೆ ಬಂದು ಚೆಂಡನ್ನು ಅಡ್ಡ ತಳ್ಳುತ್ತಾನೆ. ಎಡ ಬ್ಯಾಕ್ ಗೆಮಲ್ ಓಡಿ ಬಂದು ಪೆನಾಲ್ಟಿ ಪೆಟ್ಟಿಗೆಯ ಅಂಚಿನಿಂದ ಬೀಸುತ್ತಾನೆ. ಇದನ್ನು ನಿಲ್ಲಿಸಿ ನೋಡಿ. ಗೋಲಿಗೆ ಪಾಸ್ ಕೊಟ್ಟವನೂ ಬ್ಯಾಕ್, ಹೊಡೆದವನೂ ಬ್ಯಾಕ್. ಇಂಟರ್‌ನವರು ಮುಂದಿನ ಐದು ಜನರನ್ನು ಹಿಡಿದುಕೊಂಡು ಕೂತಿದ್ದರು. ಹಿಂದಿನಿಂದ ಬರುವವರನ್ನು ಹಿಡಿಯೋಕೆ ಅವರಲ್ಲಿ ಜನವೇ ಉಳಿದಿರಲಿಲ್ಲ. 84ನೇ ನಿಮಿಷಕ್ಕೆ ಮರ್ಡಾಕ್ ದೂರದಿಂದ ಹೊಡೆದ ಚೆಂಡಿಗೆ ಸ್ಟೀವಿ ಚಾಲ್ಮರ್ಸ್ ಕಾಲು ತಾಗಿಸಿದ. 2-1. ಅದು ಅದೃಷ್ಟ ಅಂದವರಿಗೆ ಚಾಲ್ಮರ್ಸ್, ಇದೇ ಹೊಡೆತವನ್ನು ಅಭ್ಯಾಸದಲ್ಲಿ ದಿನಾ ಮಾಡ್ತಿದ್ದೆವು ಅನ್ನುತ್ತಿದ್ದ.

ಪಂದ್ಯ ಮುಗಿದ ಮೇಲೆ ಲಿವರ್‌ಪೂಲ್ ಮ್ಯಾನೇಜರ್ ಬಿಲ್ ಶಾಂಕ್ಲಿ ಬಂದು, ಜಾನ್, ನಿನಗಿನ್ನು ಸಾವಿಲ್ಲ ಅಂದ. ಶಾಂಕ್ಲಿ ಕೂಡ ಗಣಿ ಊರಿನವನೇ, ಗ್ಲೆನ್‌ಬಕ್ ಅನ್ನುವ ಹಳ್ಳಿ. ಯುನೈಟೆಡ್‌ನ ಮ್ಯಾಟ್ ಬಸ್ಬಿ ಹುಟ್ಟಿದ್ದು ಬೆಲ್‌ಶಿಲ್ ಪಕ್ಕದ ಗಣಿ ಕೇರಿಯಲ್ಲಿ. ಮೂವರೂ ನೆಲದ ಕೆಳಗೆ ಕೆಲಸ ಮಾಡಿದವರು. ಕಪ್ ಊರಿಗೆ ಬಂದ ಮೇಲೆ ಸ್ಟೀನ್ ಅದನ್ನು ಮುದುಕ ಜಿಮ್ಮಿ ಗ್ರಿಬ್ಬೆನ್ ಕೈಗೆ ಕೊಟ್ಟ ಅಂತ ಸೆಲ್ಟಿಕ್ ಅಭಿಮಾನಿಗಳು ಇವತ್ತಿಗೂ ಹೇಳುತ್ತಾರೆ. ಲನೆಲ್ಲಿಯಲ್ಲಿ ಮರೆಯಾಗಿ ಹೋಗಬೇಕಿದ್ದವನ ಹೆಸರನ್ನು ನೆನಪಿಟ್ಟುಕೊಂಡಿದ್ದ ಅದೇ ಗ್ರಿಬ್ಬೆನ್.

ಸೆಲ್ಟಿಕ್‌ನ ಆಟಗಾರ ಜಿಮ್ಮಿ ಜಾನ್‌ಸ್ಟನ್ ಕಥೆ ಹೇಳದೆ ಮುಂದೆ ಹೋಗಲಾರೆ. ಕುಳ್ಳ, ಕೆಂಚು ಕೂದಲು, ಚೆಂಡು ಕಾಲಿಗೆ ಬಂದರೆ ಮಾಯಗಾರ. ವಿಮಾನ ಅಂದರೆ ಮಾತ್ರ ಪ್ರಾಣಭಯ. 1968ರಲ್ಲಿ ಬೆಲ್‌ಗ್ರೇಡಿನ ರೆಡ್ ಸ್ಟಾರ್ ವಿರುದ್ಧ ಗ್ಲಾಸ್ಗೋದಲ್ಲಿ ಮೊದಲ ಪಂದ್ಯ. ಅರ್ಧ ಆಟಕ್ಕೆ 1-1. ಸ್ಟೀನ್ ಅವನ ಕಿವಿಯಲ್ಲಿ ಒಂದು ಮಾತು ಹಾಕಿದ. ಇವತ್ತು ದೊಡ್ಡ ಅಂತರದಲ್ಲಿ ಗೆದ್ದರೆ ನೀನು ಬೆಲ್‌ಗ್ರೇಡಿಗೆ ವಿಮಾನ ಹತ್ತಬೇಕಾಗಿಲ್ಲ. ಅಷ್ಟೇ. ಆ ಹುಡುಗನಿಗೆ ದೇವರು ಮೈಮೇಲೆ ಬಂದ ಹಾಗಾಯಿತು. ಎರಡು ಗೋಲು ತಾನು ಹೊಡೆದ, ಎರಡನ್ನು ಬೇರೆಯವರಿಂದ ಹೊಡೆಸಿದ. 5-1. ಸ್ಟೀನ್ ಮಾತು ಉಳಿಸಿಕೊಂಡ. ಜಾನ್‌ಸ್ಟನ್ ಊರಲ್ಲೇ ಉಳಿದ.

ಇದೇ ಸ್ಟೀನ್ ಕಟುಕನೂ ಆಗಬಲ್ಲವನಾಗಿದ್ದ. ತಾನು ಒಂದು ಹನಿ ಕುಡಿಯದವನು, ಕುಡಿಯುವ ಹುಡುಗರ ಹಿಂದೆ ಪೊಲೀಸನ ಹಾಗೆ ಬೀಳುತ್ತಿದ್ದ. 1969ರ ಲೀಗ್ ಕಪ್ ಫೈನಲಿನಿಂದ ಗೆಮಲ್‌ನನ್ನು ಕೈಬಿಟ್ಟ. ಅದಕ್ಕೆ ಕೆಲವೇ ದಿನ ಮುಂಚೆ ಸ್ಕಾಟ್ಲೆಂಡ್ ಪರ ಆಡುವಾಗ ಗೆಮಲ್ ಎದುರಾಳಿಗೆ ಒದ್ದು ಹೊರಗೆ ಹಾಕಿಸಿಕೊಂಡಿದ್ದ, ಶಿಕ್ಷೆ ಸರಿಯೇ ಇರಬಹುದು. ಆದರೆ ಗೆಮಲ್‌ಗೆ ಅದು ಗೊತ್ತಾಗಿದ್ದು ಪಂದ್ಯದ ದಿನ, ಡ್ರೆಸ್ಸಿಂಗ್ ರೂಮಿನಲ್ಲಿ. ಲಿಸ್ಬನ್ನಿನಲ್ಲಿ ಗೋಲು ಹೊಡೆದವನಿಗೆ ಎರಡು ಮಾತು ಮೊದಲೇ ಹೇಳಬಹುದಿತ್ತು. ಪಕ್ಕದವನ ಬಗ್ಗೆ ಅಷ್ಟು ಚಂದದ ಮಾತು ಆಡಿದವನು ಇವನೇನಾ ಅನ್ನಿಸುತ್ತೆ.

1970ರಲ್ಲಿ ಮತ್ತೆ ಯುರೋಪಿನ ಫೈನಲ್. ಸೆಮಿಯಲ್ಲಿ ಇಂಗ್ಲೆಂಡಿನ ಲೀಡ್ಸ್‌ನ ಎರಡೂ ಪಂದ್ಯದಲ್ಲಿ ಸೋಲಿಸಿದರು. ಹ್ಯಾಂಪ್ಡನ್ ಪಾರ್ಕಿನಲ್ಲಿ ಅದನ್ನು ನೋಡಿದವರು 1,36,505 ಜನ. ಫೈನಲಿನಲ್ಲಿ ಹಾಲೆಂಡಿನ ಫೆಯೆನೂರ್ಡ್ ಎದುರಿಗಿತ್ತು. ಎಲ್ಲರೂ ಹಗುರವಾಗಿ ತಗೊಂಡರು, ಸ್ಟೀನ್ ಕೂಡ. 2-1 ಸೋಲು. ಲಿಸ್ಬನ್ನಿನಲ್ಲಿ ಇಂಟರ್ ಮಾಡಿದ ತಪ್ಪನ್ನು ಮೂರು ವರ್ಷಕ್ಕೆ ತಾನೇ ಮಾಡಿದ.

ಊರಲ್ಲಿ ಲೀಗ್ ಮಾತ್ರ ವರ್ಷಾ ವರ್ಷ ಬರುತ್ತಲೇ ಇತ್ತು, 1966ರಿಂದ 1974ರವರೆಗೆ ಒಂಬತ್ತು ಸಲ ಸಾಲಾಗಿ. 1971ರಲ್ಲಿ ಬಸ್ಬಿ ಮ್ಯಾಂಚೆಸ್ಟರ್‌ಗೆ ಕರೆದ. ಮಾತು ಹೆಚ್ಚುಕಮ್ಮಿ ಮುಗಿದಿತ್ತು. ಜೀನ್‌ಗೆ ಊರು ಬಿಡಲು ಇಷ್ಟವಿರಲಿಲ್ಲ. ವೇಲ್ಸ್‌ನಿಂದ ಒಂದು ಸಲ ಗಂಡನನ್ನು ವಾಪಸ್ ಕರೆತಂದವಳು, ಈ ಸಲ ಹೋಗಲೇ ಬಿಡಲಿಲ್ಲ. ನನ್ನ ಕೇಳಿದರೆ ಸೆಲ್ಟಿಕ್ ಅಂಗಳದಲ್ಲಿ ಇರುವ ಸ್ಟೀನ್ ಪ್ರತಿಮೆ ಪಕ್ಕ ಜೀನ್‌ದೂ ಒಂದು ಇರಬೇಕು.

1975ರ ಜುಲೈನಲ್ಲಿ ರಜೆ ಮುಗಿಸಿ ಕಾರಿನಲ್ಲಿ ಮನೆಗೆ ಬರುತ್ತಿದ್ದಾಗ, ತಪ್ಪು ದಿಕ್ಕಿನಿಂದ ಬಂದ ಇನ್ನೊಂದು ಕಾರು ಎದುರಿಗೆ ಗುದ್ದಿತು. ಸಾಯುವ ಹಾಗಿದ್ದ. ಒಂದು ವರ್ಷ ಫ್ಯಾಲನ್ ತಂಡ ನೋಡಿಕೊಂಡ. ಸ್ಟೀನ್ ವಾಪಸ್ ಬಂದು 1977ರಲ್ಲಿ ಲೀಗ್, ಕಪ್ ಎರಡೂ ಗೆದ್ದ. ಆದರೆ ಹಳೇ ಕಸುವು ಇರಲಿಲ್ಲ. ತಂಡದ ದೊಡ್ಡ ಆಟಗಾರ ಕೆನ್ನಿ ಡಾಲ್‌ಗ್ಲಿಷ್ ಲಿವರ್‌ಪೂಲ್‌ಗೆ ಹೋದ, ಸೆಲ್ಟಿಕ್ ಐದನೇ ಜಾಗಕ್ಕೆ ಕುಸಿಯಿತು. 1978ರಲ್ಲಿ ಕುರ್ಚಿ ಮೆಕ್‌ನೀಲ್‌ಗೆ ಹೋಯಿತು. ಹತ್ತು ಲೀಗ್, ಎಂಟು ಸ್ಕಾಟಿಷ್ ಕಪ್, ಆರು ಲೀಗ್ ಕಪ್, ಒಂದು ಯುರೋಪಿಯನ್ ಕಪ್ ತಂದುಕೊಟ್ಟವನಿಗೆ ಕ್ಲಬ್ ಕೊಡಲು ಬಂದ ಕೆಲಸ ಏನು ಗೊತ್ತಾ? ಅಭಿಮಾನಿಗಳಿಗೆ ಲಾಟರಿ ಮಾರುವ ವಿಭಾಗ ನೋಡಿಕೊಳ್ಳೋದು. ಅವನು ಒಲ್ಲೆ ಅಂದ. ಲೀಡ್ಸ್‌ಗೆ ಹೋಗಿ 44 ದಿನ ಇದ್ದು, ಸ್ಕಾಟ್ಲೆಂಡ್ ತಂಡದ ಮ್ಯಾನೇಜರ್ ಆದ. ಆಟಗಾರನಾಗಿ ಸಿಗದ ಅಂಗಿ ಹೀಗೆ ಸಿಕ್ಕಿತು.

1982ರ ವಿಶ್ವಕಪ್ಪಿಗೆ ತಂಡ ಒಯ್ದ. ಬ್ರೆಜಿಲ್ ವಿರುದ್ಧ ಮೊದಲ ಗೋಲು ಹೊಡೆದು ಆಮೇಲೆ ನಾಲ್ಕು ತಿಂದರು. ಗೋಲಿನ ಲೆಕ್ಕದಲ್ಲಿ ಹೊರಬಿದ್ದರು. ಮುಂದಿನ ವಿಶ್ವಕಪ್ಪಿನ ತಯಾರಿಗೆ ಅಬರ್ಡೀನ್ ಕ್ಲಬ್ಬಿನ ಮ್ಯಾನೇಜರನ್ನು ಸಹಾಯಕನಾಗಿ ಪಕ್ಕಕ್ಕೆ ಕರೆದುಕೊಂಡ. ಅವನೇ ಅಲೆಕ್ಸ್ ಫರ್ಗುಸನ್.

1985ರ ಸೆಪ್ಟೆಂಬರ್ 10, ಕಾರ್ಡಿಫ್. ಮತ್ತೆ ವೇಲ್ಸ್. ಮೆಕ್ಸಿಕೋದಲ್ಲಿ ನಡೆಯಲಿದ್ದ 1986ರ ವಿಶ್ವಕಪ್ಪಿನ ಆಸೆ ಉಳಿಯಬೇಕಾದರೆ ಸ್ಕಾಟ್ಲೆಂಡಿಗೆ ಒಂದು ಡ್ರಾ ಸಾಕು. 13ನೇ ನಿಮಿಷಕ್ಕೆ ಮಾರ್ಕ್ ಹ್ಯೂಸ್ ಹೊಡೆದ ಗೋಲಿನಿಂದ ವೇಲ್ಸ್ ಮುಂದೆ. ಅರ್ಧ ಆಟಕ್ಕೆ ಡ್ರೆಸ್ಸಿಂಗ್ ರೂಮಿಗೆ ಬಂದರೆ ಗೋಲ್‌ಕೀಪರ್ ಜಿಮ್ ಲೇಟನ್ ಕಾಂಟ್ಯಾಕ್ಟ್ ಲೆನ್ಸ್ ಕಳೆದುಕೊಂಡಿದ್ದಾನೆ. ಇನ್ನೊಂದು ಜೊತೆ ತಂದಿಲ್ಲ. ಅದಕ್ಕಿಂತ ಹೆಚ್ಚಾಗಿ, ಅವನು ಲೆನ್ಸ್ ಹಾಕುತ್ತಾನೆ ಅನ್ನುವುದೇ ಯಾರಿಗೂ ಗೊತ್ತಿಲ್ಲ! ಲೇಟನ್ ಅಬರ್ಡೀನ್ ಆಟಗಾರ, ಫರ್ಗುಸನ್ ಕೈಕೆಳಗೆ ವರ್ಷಗಟ್ಟಲೆ ಆಡಿದವನು. ಸ್ಟೀನ್ ಫರ್ಗುಸನ್ ಕಡೆ ತಿರುಗಿದ. ಇದನ್ನು ನನ್ನಿಂದ ಮುಚ್ಚಿಟ್ಟೆಯಾ ಅನ್ನುವ ಹಾಗೆ. ಫರ್ಗುಸನ್‌ಗೆ ನಿಜವಾಗಿಯೂ ಗೊತ್ತಿರಲಿಲ್ಲ. ಲೇಟನ್ ಬದಲು ಅಲನ್ ರಫ್‌ನ ಇಳಿಸಿದರು.

ಸ್ಟೀನ್ ಮುಖ ಬೂದಿ ಬಣ್ಣಕ್ಕೆ ತಿರುಗಿತ್ತು, ಬೆವರುತ್ತಿದ್ದ. ಹೃದಯದ ತೊಂದರೆ ಮೊದಲೇ ಇತ್ತು. 81ನೇ ನಿಮಿಷಕ್ಕೆ ಸ್ಕಾಟ್ಲೆಂಡಿಗೆ ಪೆನಾಲ್ಟಿ ಸಿಕ್ಕಿತು. ಬದಲಿಯಾಗಿ ಬಂದಿದ್ದ ಡೇವಿ ಕೂಪರ್ ಹೊಡೆದ. 1-1. ಇನ್ನೇನು ಮುಗಿಯಬೇಕು ಅನ್ನುವಾಗ ರೆಫರಿ ಫೌಲ್‌ಗೆ ಸೀಟಿ ಊದಿದ. ಸ್ಟೀನ್ ಆಟ ಮುಗಿಯಿತು ಅಂದುಕೊಂಡು ಎದ್ದ. ನಾಲ್ಕು ಹೆಜ್ಜೆ ಇಟ್ಟು ಕುಸಿದ. ಪಕ್ಕದಲ್ಲಿದ್ದವರು ಹಿಡಿದುಕೊಂಡರು, ಒಳಗೆ ಒಯ್ದರು. ಸ್ಟೇಡಿಯಂನ ಚಿಕಿತ್ಸೆ ಕೋಣೆಯಲ್ಲೇ ಜೀವ ಹೋಯಿತು. ವಯಸ್ಸು 62. ಅವತ್ತು ನಿಷೇಧದಿಂದ ಆಡದೆ ಇದ್ದ ನಾಯಕ ಗ್ರೇಮ್ ಸೂನೆಸ್ ಬಾಗಿಲ ಹೊರಗೆ ನಿಂತು ಅಳುತ್ತಿದ್ದ. ಹೊರಗೆ ಗ್ಯಾಲರಿಯಲ್ಲಿ ಸ್ಕಾಟ್ಲೆಂಡ್ ಜನ ಡ್ರಾ ಆಯಿತು ಅಂತ ಕುಣಿಯುತ್ತಿದ್ದರು, ಸುದ್ದಿ ಅವರಿಗೆ ತಲುಪುವವರೆಗೆ.

ಮುಂದೆ ಆಸ್ಟ್ರೇಲಿಯಾವನ್ನು ದಾಟಿ ಸ್ಕಾಟ್ಲೆಂಡ್ ಮೆಕ್ಸಿಕೋಗೆ ಹೋಯಿತು. ಮ್ಯಾನೇಜರ್ ಕುರ್ಚಿಯಲ್ಲಿ ಫರ್ಗುಸನ್. ಆ ವಿಶ್ವಕಪ್ ನಮ್ಮ ದೂರದರ್ಶನದಲ್ಲಿ ಬಂತು. ಬೆಂಗಳೂರಿನಲ್ಲಿ ಪಕ್ಕದ ಮನೆಯವರ ಹಾಲಿನಲ್ಲಿ, ನೆಲದ ಮೇಲೆ ಕೂತು, ನಿದ್ದೆಗಣ್ಣಿನಲ್ಲಿ ನೋಡಿದ್ದು ನೆನಪಿದೆ. ಆದರೆ ನೆನಪಿರೋದೆಲ್ಲ ಮರಡೋನಾ. ಸ್ಕಾಟ್ಲೆಂಡ್ ಅನ್ನುವ ತಂಡ ಇತ್ತು ಅಂತಲೂ ನೆನಪಿಲ್ಲ.

ಮೊನ್ನೆ ಆ ವಿಶ್ವಕಪ್ಪಿನಲ್ಲಿ ಸ್ಕಾಟ್ಲೆಂಡ್ ಆಡಿದ ಕೊನೆಯ ಪಂದ್ಯ ಹುಡುಕಿ ನೋಡಿದೆ. ಎದುರಿಗೆ ಅದೇ ಉರುಗ್ವೆ. ಒಂದು ನಿಮಿಷ ತುಂಬುವ ಮೊದಲೇ ಉರುಗ್ವೆಯ ಬಟಿಸ್ಟಾ ಕೆಂಪು ಕಾರ್ಡ್ ತಿಂದು ಹೊರಗೆ ಹೋಗುತ್ತಾನೆ. ಗೆದ್ದರೆ ಸಾಕು, ಎದುರಿಗೆ ಹತ್ತೇ ಜನ. ಆದರೂ ಸ್ಕಾಟ್ಲೆಂಡಿಗೆ ಒಂದು ಗೋಲು ಹೊಡೆಯಲು ಆಗಲಿಲ್ಲ. 0-0. ಫರ್ಗುಸನ್ ಅವಡುಗಚ್ಚಿಕೊಂಡು ಕೂತಿದ್ದ. ಆ ಕಡೆ ಗೋಲಿನಲ್ಲಿ ಲೇಟನ್. ಅವನು ಪ್ರತಿ ಸಲ ಮೇಲೆ ಬಂದ ಚೆಂಡಿಗೆ ಕೈ ಚಾಚಿದಾಗಲೂ, ಈ ಸಲ ಇನ್ನೊಂದು ಜೊತೆ ಲೆನ್ಸ್ ಬ್ಯಾಗಿನಲ್ಲಿ ಇಟ್ಟುಕೊಂಡಿದ್ದಾನಾ ಅಂತಲೇ ನನ್ನ ಯೋಚನೆ.